ಬಾಯಿಕಟ್ಟಿನ ಮೇಷ್ಟ್ರು

ಆ ವರ್ಷ ವೈಶಾಖ ಮುಗಿದು ಜ್ಯೇಷ್ಠ ಬಂದರೂ ನಮ್ಮ ಬ್ಯಾಂಡ್ ಸೆಟ್ಟಿಗೆ ಕರೆ ಬಂದದ್ದು ಎರಡೇ ಮದುವೆಗೆ. ಅದರಲ್ಲಿ ಒಂದು ನಮ್ಮ ಸೆಟ್ಟಿನ ಯಜಮಾನ ಮುನಿಶಾಮಣ್ಣನ ತಂಗಿಯ ಮೊಮ್ಮಗಳದು, ಅದನ್ನು ಕರೆ ಅನ್ನುವ ಹಾಗಿಲ್ಲ. ಮಿಕ್ಕವರೆಲ್ಲ ಸೌಂಡ್ ಸರ್ವಿಸಿನ ಫಯಾಜನ ಬಾಕ್ಸು ತರಿಸಿದರು. ಆಳೆತ್ತರದ ನಾಲ್ಕು ಬಾಕ್ಸುಗಳನ್ನು ಟೆಂಪೋದಲ್ಲಿ ಹೇರಿಕೊಂಡು ಬಂದು ಛತ್ರದ ಬಾಗಿಲಲ್ಲಿ ನಿಲ್ಲಿಸಿ, ವೈರು ಸಿಕ್ಕಿಸಿ ಕುಳಿತರೆ ಅವನ ಕೆಲಸ ಮುಗಿಯಿತು. ಬೆಳಗಿನಿಂದ ಸಂಜೆವರೆಗೆ ಅದು ಬಡಿದುಕೊಂಡರೂ ಊರಲ್ಲಿ ಯಾರೊಬ್ಬರ ಮಾತೂ ನಿಲ್ಲುವುದಿಲ್ಲ. ಪಂಕ್ತಿಯಲ್ಲಿ ಕೂತು ಫಯಾಜ, "ಪಾಯಸ ಇನ್ನೊಂದು ಸೌಟು ಬಿಡ್ರಣ್ಣ" ಅಂತ ಬಾಯಿಬಿಟ್ಟು ಕೇಳುತ್ತಾನೆ. ನಾವು ಮೂವತ್ತು ವರ್ಷದಿಂದ ಮದುವೆಯ ಊಟವನ್ನು ಕೈಸನ್ನೆಯಲ್ಲೇ ಉಂಡವರು.

ನಮ್ಮೂರಲ್ಲಿ ವಾದ್ಯ ಹಿಡಿದವನು ಎಷ್ಟು ಹೊತ್ತು ನುಡಿಸಿದನೋ, ಕೆಳಗಿಟ್ಟ ಮೇಲೆ ಅಷ್ಟು ಹೊತ್ತು ಅವನಿಗೆ ಮಾತಿಲ್ಲ. ಅರ್ಧ ಗಂಟೆ ಬಾರಿಸಿದರೆ ಅರ್ಧ ಗಂಟೆ, ನಾಲ್ಕು ಗಂಟೆ ಊದಿದರೆ ನಾಲ್ಕು ಗಂಟೆ. ಬಾಯಿಕಟ್ಟು ಅಂತ ಇದಕ್ಕೆ ಹೆಸರು. ಹಾಡುವವರಿಗೆ ಇದು ಇಲ್ಲ, ಡೋಲು, ಕೊಳಲು, ಕ್ಲಾರಿನೆಟ್ಟು ಹಿಡಿದವರಿಗೆ ಮಾತ್ರ. ಅದಕ್ಕೆ ತಕ್ಕಂತೆ ಊರು ಬದುಕುತ್ತದೆ. ಬ್ಯಾಂಡಿನವರ ಮನೆಯಲ್ಲಿ ಕೇಳಬೇಕಾದ್ದನ್ನೆಲ್ಲ ಗಂಡಸು ಹೊರಡುವ ಮುಂಚೆಯೇ ಕೇಳಿಕೊಳ್ಳಬೇಕು. ಠಾಣೆಗೆ ಸಾಕ್ಷಿ ಹೇಳಲು ಹೋದ ನಮ್ಮ ಸೆಟ್ಟಿನ ಡೋಲಿನ ದೊಡ್ಡಯ್ಯನಿಗೆ ದಫೇದಾರರು ಬೆಂಚು ತೋರಿಸಿ, "ಕಟ್ಟು ಬಿಡ್ಲಿ, ಕೂತಿರು" ಅಂತ ಟೀ ಕೊಡಿಸಿದ್ದುಂಟು. ಹೆಂಡತಿ ಬಿಡಿಸಲಾಗದ ಪ್ರಶ್ನೆ ಎತ್ತಿದಳು ಅಂದರೆ ಥಟ್ಟನೆ ಡೋಲು ಹೆಗಲಿಗೆ ಹಾಕಿಕೊಳ್ಳುವ ಗಂಡಸರೂ ಇದ್ದರು. ನಾನೂ ಒಂದೆರಡು ಸಲ ಹಾಗೆ ಕ್ಲಾರಿನೆಟ್ಟಿಗೆ ಕೈ ಹಾಕಿದ್ದೇನೆ, ಸುಳ್ಳು ಯಾಕೆ ಹೇಳಲಿ.

ನನ್ನ ಹೆಂಡತಿ ಅಶ್ವತ್ಥಮ್ಮ ಬೇರೆ ಸೀಮೆಯ ಹೆಣ್ಣು. ಮದುವೆಯಾಗಿ ಬಂದಾಗ ಒಳ್ಳೆ ಸೀಜನ್ನು, ದಿನಕ್ಕೆ ಎರಡು ಕಡೆ ಊದುತ್ತಿದ್ದೆ. ಮೊದಲ ಹದಿನೈದು ದಿನದಲ್ಲಿ ಅವಳು ನನ್ನ ಬಾಯಿಂದ ಕೇಳಿದ್ದು ನಾಲ್ಕು ಮಾತು. ಗಾಬರಿಯಾಗಿ ಅವರಮ್ಮನಿಗೆ ಹೇಳಿ ಕಳಿಸಿದಳು. ಅತ್ತೆ ಬಸ್ಸಿಳಿದು ನೇರ ನನ್ನೆದುರಿಗೆ ಬಂದು ನಿಂತು, "ಎಲ್ಲಿ, ನಿನ್ನ ಹೆಸರು ಹೇಳಪ್ಪ" ಅಂದರು. ವರಪೂಜೆ ಮುಗಿಸಿ ಬಂದಿದ್ದ ನನಗೆ ಇನ್ನೂ ಎರಡು ಗಂಟೆ ಇತ್ತು. ಅತ್ತೆ ಗೋಡೆಗೆ ಒರಗಿ ಅಳುತ್ತಾ ಕೂತರು. ಎರಡು ಗಂಟೆಯಾದ ಮೇಲೆ ನಾನು "ಕದಿರಪ್ಪ" ಅಂದಾಗ ಹೆದರಿ ಚೊಂಬು ಬೀಳಿಸಿದರು. ಅಲ್ಲಿಂದಾಚೆಗೆ ಅಶ್ವತ್ಥಮ್ಮ ನನ್ನ ಬಾಯಾದಳು. ಅಂಗಡಿ, ಸಂತೆ, ಮಗಳ ಸ್ಕೂಲು, ಕೊನೆಗೆ ಮಗಳ ಮದುವೆಯ ಮಾತುಕತೆ, ಎಲ್ಲ ಕಡೆ ಮಾತು ಅವಳದೇ. ಇಪ್ಪತ್ತಾರು ವರ್ಷ. ಛತ್ರಕ್ಕೆ ಹೂವು ಕಟ್ಟಿ ಕೊಡುವುದು ಅವಳ ಕೆಲಸ, ಕೈಯಲ್ಲಿ ಬಾಳೆನಾರು, ಮಡಿಲಲ್ಲಿ ಕನಕಾಂಬರ. ನಾನು ಸಾಧನೆ ಮಾಡುವಾಗಲೂ ಮೂಲೆಯಲ್ಲಿ ಕೂತು ಕಟ್ಟುತ್ತಿರುತ್ತಿದ್ದಳು. ಕೇಳುತ್ತಿದ್ದಾಳೋ ಇಲ್ಲವೋ ನಾನು ಯೋಚಿಸಿದವನಲ್ಲ.

ಜ್ಯೇಷ್ಠದಲ್ಲಿ ಒಂದು ಬೆಳಿಗ್ಗೆ ಫಯಾಜ ನಮ್ಮ ಮನೆಯ ಬಾಗಿಲಿಗೆ ಬಂದು ನಿಂತ. ಅಶ್ವತ್ಥಮ್ಮ ತಲೆಯೆತ್ತದೆಯೇ, "ಬಾರಪ್ಪ ಬಾ, ನಮ್ಮ ಅನ್ನದ ಮೇಲೆ ಬಾಕ್ಸು ತಂದಿಟ್ಟೋನೆ" ಅಂದಳು. ಅವನು ನಕ್ಕು ಚಪ್ಪಲಿ ಬಿಟ್ಟು ಒಳಗೆ ಬಂದ. "ಬೈಯಕ್ಕ, ಬೈದ್ರೆ ನಂಗೂ ಹಗುರಾಗುತ್ತೆ. ಕದಿರಣ್ಣ, ಒಂದು ವಿಷ್ಯ ತಂದಿದೀನಿ, ಅರ್ಧಕ್ಕೇ ಬೇಡ ಅನ್ಬೇಡ." ವಿಷಯ ಇಷ್ಟು: ಅವನ ತಂಗಿಯ ಗಂಡ ಕೆಲಸ ಮಾಡುವ ಕಡೆ ಫೋನಿನಲ್ಲೇ ಸಂಗೀತ ಕಲಿಸುವ ಶಾಲೆ ಒಂದಿದೆ. ಕ್ಲಾರಿನೆಟ್ ಕಲಿಸುವವರನ್ನು ಹುಡುಕುತ್ತಿದ್ದಾರೆ. ನಾಲ್ಕು ಜನ ಕಲಿಯುವವರು, ವಾರಕ್ಕೆ ಮೂರು ದಿನ, ಮಧ್ಯಾಹ್ನ ಮೂರು ಗಂಟೆಗೆ. ಒಂದು ತಿಂಗಳು ನೋಡುತ್ತಾರೆ. ಕೊನೆಯ ದಿನ ಶಾಲೆಯ ಮುಖ್ಯಸ್ಥೆ ತಾವೇ ಪಾಠಕ್ಕೆ ಕೂತು, ಇಟ್ಟುಕೊಳ್ಳುವುದೋ ಬಿಡುವುದೋ ಹೇಳುತ್ತಾರೆ.

"ನಮ್ಮ ಕಟ್ಟಿನ ವಿಷ್ಯ ಅವ್ರಿಗೆ ಹೇಳಿದೀಯಾ?" ಅಂತ ಕೇಳಿದೆ. "ಹೇಳಿದ್ರೆ ನಂಬ್ತಾರಾ ಅಣ್ಣ? ಸುಮ್ನೆ ಕಲಿಸು" ಅಂದ. ಬೇಡ ಅನ್ನುವ ಹಾಗೂ ಇರಲಿಲ್ಲ. ಡೋಲಿನ ದೊಡ್ಡಯ್ಯ ಆಗಲೇ ಕಡಲೆಕಾಯಿ ಮಿಲ್ಲಿಗೆ ಸೇರಿದ್ದ. ನನಗೂ ಅಲ್ಲೊಂದು ಜಾಗ ಇದೆ, ತಿಂಗಳೊಳಗೆ ಬಂದು ಸೇರಬೇಕು ಅಂತ ಮಿಲ್ಲಿನವರು ಹೇಳಿ ಕಳಿಸಿದ್ದರು. ದೊಡ್ಡಯ್ಯ ಕೈಯಿಂದ ಬಾರಿಸುವವನು, ಕೈ ತೊಳೆದುಕೊಂಡರೆ ಆಯಿತು. ನಾನು ಊದುವವನು. ಆ ಹೊಟ್ಟಿನ ದೂಳು ಒಂದು ವರ್ಷ ಎದೆಗೆ ಇಳಿದರೆ ಮತ್ತೆ ಕ್ಲಾರಿನೆಟ್ಟು ಮುಟ್ಟುವಂತಿಲ್ಲ. ಇದು ನನಗೂ ಗೊತ್ತಿತ್ತು, ಅಶ್ವತ್ಥಮ್ಮನಿಗೂ ಗೊತ್ತಿತ್ತು.

ಮೊದಲ ದಿನ ಫಯಾಜ ಫೋನನ್ನು ಹಿಟ್ಟಿನ ಡಬ್ಬಿಗೆ ಆನಿಸಿ ನಿಲ್ಲಿಸಿ ಹೋದ. ಅದರೊಳಗೆ ನಾಲ್ಕು ಮುಖ. ಬ್ಯಾಂಕಿನಿಂದ ಬೇಗ ನಿವೃತ್ತಿ ತಗೊಂಡ ಸುಮಿತ್ರಾ ಅನ್ನುವ ಹೆಂಗಸು, ರೈಲ್ವೆಯಲ್ಲಿದ್ದ ಒಬ್ಬರು ವಯಸ್ಸಾದವರು, ಇಬ್ಬರು ಕಾಲೇಜಿನವರು. ಗುರು ಅಂದರೆ ಮೊದಲು ನುಡಿಸಿ ತೋರಿಸಬೇಕು ಅನ್ನುವುದಷ್ಟೇ ನನಗೆ ಗೊತ್ತಿದ್ದದ್ದು. ಕಣ್ಣುಮುಚ್ಚಿ ಆರು ನಿಮಿಷ ಹಿಂದೋಳ ಊದಿದೆ. ಕಣ್ಣು ಬಿಟ್ಟಾಗ ನಾಲ್ವರೂ ಚಪ್ಪಾಳೆ ತಟ್ಟುತ್ತಿದ್ದರು. ಆಮೇಲೆ ಪ್ರಶ್ನೆಗಳು ಬಂದವು. ನಾನು ಸುಮ್ಮನೆ ಕೂತಿದ್ದೆ. "ಸಾರ್, ಮ್ಯೂಟ್ ಆಗಿದೀರಾ ನೋಡಿ" ಅಂದಳು ಸುಮಿತ್ರಾ. ಕಾಲೇಜಿನವನೊಬ್ಬ, "ನೆಟ್‌ವರ್ಕ್ ಹೋಯ್ತು ಅನ್ಸುತ್ತೆ" ಅಂದ. ರೈಲ್ವೆಯವರು ಕನ್ನಡಕ ಏರಿಸಿ ಹತ್ತಿರ ಬಗ್ಗಿ, "ಇಲ್ಲ ಕಣ್ರಿ, ಕಣ್ಣು ಮಿಟುಕಿಸ್ತಾ ಇದಾರೆ" ಅಂದರು. ತಾಳಿ ಅಂತ ನಾನು ಕೈ ಎತ್ತಿದರೆ ನಾಲ್ವರೂ ನನಗೆ ಕೈಯಾಡಿಸಿದರು.

ಆರು ನಿಮಿಷ ಕಳೆದು ಮಾತು ಬಂತು. ಬಂದು ಏನು ಪ್ರಯೋಜನ? ಹೇಳಲು ಏನೂ ಇರಲಿಲ್ಲ. ನನ್ನಪ್ಪ ನನಗೆ ಕಲಿಸಿದ್ದು ಮಾತಿನಲ್ಲಲ್ಲ. ತಾನು ನುಡಿಸುತ್ತಿದ್ದ, ಆಮೇಲೆ ಅವನಿಗೆ ಬಾಯಿಕಟ್ಟು. ನನ್ನ ಹೊಟ್ಟೆಯ ಮೇಲೆ ಅಂಗೈ ಒತ್ತಿ ಉಸಿರು ಎಲ್ಲಿಂದ ಏಳಬೇಕು ಅಂತ ತೋರಿಸುತ್ತಿದ್ದ, ತಪ್ಪಿದ ಬೆರಳಿಗೆ ಹುಣಸೆ ಬರಲಿನಿಂದ ಒಂದು ಬಿಡುತ್ತಿದ್ದ. ಫೋನಿನಲ್ಲಿ ಯಾರ ಹೊಟ್ಟೆ ಒತ್ತಲಿ? "ಹಿಂಗೆ ಊದ್ಬೇಕು" ಅಂದೆ. "ಹಿಂಗೆ ಅಂದ್ರೆ ಹೆಂಗೆ ಸಾರ್?" ಅಂದಳು ಸುಮಿತ್ರಾ. "ಹಿಂಗೇ" ಅಂದೆ. ಆಗ ನನ್ನ ಬೆನ್ನ ಹಿಂದಿನಿಂದ ಅಶ್ವತ್ಥಮ್ಮನ ದನಿ: "ಬಿಸಿ ಹಾಲು ಆರಿಸೋಕೆ ಊದ್ತೀವಲ್ಲ, ಹಂಗಲ್ಲ ಕಣವ್ವ. ಊದುಗೊಳವೇಲಿ ಒಲೆ ಊದ್ತೀವಲ್ಲ, ಹಂಗೆ. ಕೆನ್ನೆ ಉಬ್ಬಿಸ್ಬಾರ್ದು. ಹೊಟ್ಟೆಯಿಂದ ಬರ್ಬೇಕು, ಎಳೆ ಕಡೀಬಾರ್ದು. ಕಡಿದ್ರೆ ಹೊಗೆ." ರೈಲ್ವೆಯವರು ತೊಡೆ ತಟ್ಟಿ, "ನಮ್ಮಜ್ಜಿ ಊದೋರು ಹಂಗೆ!" ಅಂತ ಕ್ಲಾರಿನೆಟ್ಟು ಎತ್ತಿಕೊಂಡು ಒಂದು ಸ್ವರ ಹಿಡಿದರು. ಅಷ್ಟು ಹೊತ್ತಿಗೆ ಅವರ ಕಡೆಯಿಂದ ಬಂದ ಮೊದಲ ನೆಟ್ಟನೆಯ ಸ್ವರ ಅದು.

ನನಗೆ ಸಿಟ್ಟು ಬಂತು. ಪಾಠ ಮುಗಿದ ಮೇಲೆ, "ಮಧ್ಯ ಬಾಯಿ ಹಾಕ್ಬೇಡ ನೀನು" ಅಂದೆ. "ನಿಮಗೆ ಬಾಯಿದ್ದಿದ್ರೆ ನಾನ್ಯಾಕೆ ಹಾಕ್ತಿದ್ದೆ?" ಅಂತ ಮೊಗ್ಗು ಹೆಕ್ಕುತ್ತಾ ಹೇಳಿದಳು. ಎರಡು ದಿನ ನಾವು ಬಿಗುವಾಗೇ ಇದ್ದೆವು. ಎರಡನೇ ಪಾಠದಲ್ಲೂ ನಾನು "ಹಿಂಗೆ, ಹಿಂಗೆ" ಅಂದದ್ದೇ ಬಂತು. ಅವಳು ಹಟಕ್ಕೆ ಬಾಯಿ ಬಿಡಲಿಲ್ಲ. ಕಾಲೇಜಿನವನೊಬ್ಬ ಮಧ್ಯದಲ್ಲೇ ಎದ್ದು ಹೋದ. ಸಂಜೆ ಕಾಫಿ ಲೋಟ ಕೈಗೆ ಕೊಡುವಾಗ ನಾನೇ ಸೋತು ಕೇಳಿದೆ: "ಆ ಊದುಗೊಳವೆ ಮಾತು ನಿಂಗೆ ಎಲ್ಲಿಂದ ಬಂತು?" "ಎಲ್ಲಿಂದ ಬರುತ್ತೆ? ನೀವು ಊದೋದು ಕೇಳಿ ಕೇಳಿ ಬಂತು." "ಇನ್ನೇನೇನು ಬಂದಿದೆ?" "ಊದಿ, ಹೇಳ್ತೀನಿ."

ಹಾಗೆ ಐವತ್ತೆರಡನೇ ವಯಸ್ಸಿನಲ್ಲಿ ನಾನು ಕಲಿಯಲು ಕೂತೆ. ಸಂಜೆ ಒಂದು ಗಂಟೆ. ನಾನು ಒಂದು ನಿಮಿಷ ಊದುವುದು, ಆಮೇಲೆ ಒಂದು ನಿಮಿಷ ನನಗೆ ಮಾತಿಲ್ಲ, ಆ ನಿಮಿಷವೆಲ್ಲ ಅವಳದು. ಜಗಳ ಆಡೋಣ ಅಂದರೂ ನನಗೆ ಅವಕಾಶವಿಲ್ಲ. "ಇಲ್ಲಿ ಮೆಟ್ಟಿಲಿಳಿಯೋ ಬದ್ಲು ಹಾರಿದ್ರಿ." "ಇಲ್ಲಿ ಗಂಟು ಬಿಗಿ ಆಯ್ತು, ಮೊಗ್ಗು ಮುರೀತು." "ಇಲ್ಲಿ ನಾರು ಒಣಗಿಬಿಡ್ತು, ನೀರು ಚಿಮುಕಿಸ್ಬೇಕಿತ್ತು." ಮೊದಮೊದಲು ನಗು ಬರುತ್ತಿತ್ತು. ಆಮೇಲೆ ನೋಡಿದರೆ ಅವಳು ಹೇಳಿದ ಜಾಗ ಒಂದೂ ತಪ್ಪಿರಲಿಲ್ಲ. ತುಟಿ ಬಿಗಿಯಾದ ಕಡೆಗೆ ಅವಳ ಗಂಟು, ಎಂಜಲು ಒಣಗಿ ಬಾಯಿತುದಿಯ ರೀಡು ಬಿರುಸಾದ ಕಡೆಗೆ ಅವಳ ಒಣ ನಾರು. ನನ್ನ ಬೆರಳಿಗೆ ಮೂವತ್ತು ವರ್ಷದಿಂದ ಗೊತ್ತಿದ್ದದ್ದಕ್ಕೆ ಅವಳ ಹತ್ತಿರ ಹೆಸರಿತ್ತು. ನಾನು ಅದನ್ನೆಲ್ಲ ಒಂದು ಹಾಳೆಯಲ್ಲಿ ಬರೆದುಕೊಂಡು, ಪರೀಕ್ಷೆಗೆ ಓದುವವನ ಹಾಗೆ ಬೆಳಿಗ್ಗೆ ಎದ್ದು ಬಾಯಿಪಾಠ ಮಾಡುತ್ತಿದ್ದೆ. ಒಬ್ಬನೇ ಗೋಡೆಗೆ ಮಾತಾಡುವುದನ್ನು ನೋಡಿ ಪಕ್ಕದ ಮನೆಯವಳು, "ಏನಕ್ಕ, ಯಜಮಾನ್ರಿಗೆ ಮಾತು ಜಾಸ್ತಿ ಆದಂಗದೆ?" ಅಂದಳಂತೆ. "ಇಪ್ಪತ್ತಾರು ವರ್ಷದ್ದು ಉಳ್ದಿತ್ತಲ್ಲ" ಅಂದಳಂತೆ ಇವಳು.

ಕಟ್ಟನ್ನು ಮರೆಸುವ ದಾರಿಯೂ ಮೆಲ್ಲಗೆ ಸಿಕ್ಕಿತು. ಆರು ನಿಮಿಷದ ಹಿಂದೋಳ ಬಿಟ್ಟು ಅರ್ಧ ನಿಮಿಷದ ತುಂಡು ನುಡಿಸುವುದು, ಕೂಡಲೇ ಅವರ ಕಡೆ ಕೈ ತೋರಿಸುವುದು. ಅವರು ಒಬ್ಬೊಬ್ಬರಾಗಿ ಅದನ್ನು ಊದಿ ಮುಗಿಸುವುದರೊಳಗೆ ನನ್ನ ಅರ್ಧ ನಿಮಿಷ ಕಳೆದಿರುತ್ತಿತ್ತು. ಮಾತು ಬಂದು ರೈಲ್ವೆಯವರಿಗೆ, "ರಾಯರೇ, ನೀವು ಮೆಟ್ಟಿಲು ಹಾರಿದ್ರಿ" ಅನ್ನುತ್ತಿದ್ದೆ. ಎದ್ದು ಹೋಗಿದ್ದ ಕಾಲೇಜಿನವನು ವಾಪಸು ಬಂದ. ಗಂಟೆಗಟ್ಟಲೆ ಮಾತಾಡುವ ಕಸುಬು ನನಗೆ ಒಂದು ದಿನ ಬರುತ್ತದೆ ಅಂತ ಯಾರಾದರೂ ಹೇಳಿದ್ದರೆ ನಾನೇ ನಂಬುತ್ತಿರಲಿಲ್ಲ. ಸುಮಿತ್ರಾ ಒಬ್ಬಳದು ಮಾತ್ರ ಸರಿಹೋಗಲಿಲ್ಲ. ಅವಳ ಸ್ವರ ತೆಳ್ಳಗೆ, ಹೊಟ್ಟೆಗಿಲ್ಲದವರ ಹಾಗೆ ಬರುತ್ತಿತ್ತು. ರೀಡು ಬದಲಿಸಲು ಹೇಳಿದೆ, ಬದಲಿಸಿದಳು. ಉಂಗುರದ ಬೆರಳು ತೂತು ಪೂರಾ ಮುಚ್ಚುತ್ತಿಲ್ಲ ಅಂದೆ, ತಿದ್ದಿಕೊಂಡಳು, ಮತ್ತೆ ಜಾರಿತು. ಏನು ಮಾಡಿದರೂ ಅಷ್ಟೇ.

ಕೊನೆಯ ಪಾಠ ಗುರುವಾರ ಮೂರು ಗಂಟೆಗೆ. ಮುಖ್ಯಸ್ಥೆ ವಾಸಂತಿ ಮೇಡಂ ಕೂರುತ್ತಾರೆ ಅಂತ ಫಯಾಜ ಎರಡು ಸಲ ಬಂದು ಹೇಳಿದ್ದ. ಗುರುವಾರ ಬೆಳಗಿನ ಜಾವ ಮುನಿಶಾಮಣ್ಣ ತೀರಿಕೊಂಡ.

ಎಪ್ಪತ್ತನಾಲ್ಕಾಗಿತ್ತು ಅವನಿಗೆ. ಟ್ರಂಪೆಟ್ಟು ಅವನದು, ಸೆಟ್ಟೂ ಅವನದೇ. ಮೀಸೆ ಚಿಗುರುವ ವಯಸ್ಸಿನಲ್ಲಿ ನನ್ನನ್ನು ಕೈಹಿಡಿದು ಬ್ಯಾಂಡಿನ ಸಾಲಿನಲ್ಲಿ ನಿಲ್ಲಿಸಿದವನು ಅವನೇ. ಬ್ಯಾಂಡಿನವನ ಹೆಣ ಬ್ಯಾಂಡಿಲ್ಲದೆ ಮನೆ ಬಿಡುವುದಿಲ್ಲ, ಸೆಟ್ಟಿನಲ್ಲಿ ಅನ್ನ ಉಂಡವನು ಯಾರೂ ಆ ದಿನ ವಾದ್ಯ ಹಿಡಿಯದೆ ಇರುವಂತಿಲ್ಲ. ಇದನ್ನು ಯಾರೂ ಯಾರಿಗೂ ಹೇಳಬೇಕಾಗಿರಲಿಲ್ಲ. ದೊಡ್ಡಯ್ಯ ಮಿಲ್ಲಿಗೆ ಹೋಗದೆ ನೇರ ಬಂದ. ನಾನು ಹೊರಡುವ ಮುಂಚೆ ಅಶ್ವತ್ಥಮ್ಮನ ಮುಂದೆ ಲೆಕ್ಕ ಹಾಕಿದೆ. ಒಂಬತ್ತೂವರೆಗೆ ಎತ್ತುತ್ತಾರೆ. ಮಣ್ಣು ಮಾಡುವ ತೋಪು ಮುಟ್ಟಲು ಒಂದೂವರೆ ಗಂಟೆ ಸಾಕು. ಹನ್ನೊಂದಕ್ಕೆ ಕ್ಲಾರಿನೆಟ್ಟು ಇಳಿಸಿದರೆ ಹನ್ನೆರಡೂವರೆಗೆ ಮಾತು. ಮೂರಕ್ಕೆ ಪಾಠ. "ಲೆಕ್ಕ ಸರಿಯಾಗೇ ಅದೆ" ಅಂದಳು. "ನಿಮ್ಮ ಮೇಲೆ ನಂಬ್ಕೆ ಇಲ್ಲ."

ಮುನಿಶಾಮಣ್ಣನ ಬೀದಿ ದಾಟುವವರೆಗೆ ಎಲ್ಲ ಲೆಕ್ಕದ ಪ್ರಕಾರವೇ ಇತ್ತು. ಹಿಟ್ಟಿನ ಗಿರಣಿಯ ಮುಂದೆ ಬಂದಾಗ ಗಿರಣಿಯವನು ಬೆಲ್ಟು ಕಳಚಿ ಯಂತ್ರ ನಿಲ್ಲಿಸಿ, ಮೈಯೆಲ್ಲ ಹಿಟ್ಟಾಗಿ ಹೊರಗೆ ಬಂದ. ಹೆಣಕ್ಕೆ ಕೈಮುಗಿದು, "ನನ್ನ ಮದ್ವೇಲಿ ಊದಿದ್ದ ಯಜಮಾನ. ಧಾರೆ ಹೊತ್ತಲ್ಲಿ ಊದ್ತೀರಲ್ಲ, ಅದೊಂದು ಊದ್ರಪ್ಪ" ಅಂದ. ಹೊತ್ತವರು ನಿಂತರು. ಊದಿದೆವು. ಮುಂದಿನ ತಿರುವಿನಲ್ಲಿ ಬಳೆ ಅಂಗಡಿಯವರು ನಿಲ್ಲಿಸಿದರು. ಬಸ್ ಸ್ಟ್ಯಾಂಡಿನಲ್ಲಿ ಡ್ರೈವರು ಇಂಜಿನ್ ಆರಿಸಿ ಇಳಿದ, ಬಸ್ಸಿನವರೂ ಇಳಿದರು. ತನ್ನ ಮಗಳಿಗೆ, ತನ್ನ ತಮ್ಮನಿಗೆ, ತನ್ನ ಮನೆ ಗೃಹಪ್ರವೇಶಕ್ಕೆ ಊದಿದ್ದು ಅಂತ ಒಬ್ಬೊಬ್ಬರದೂ ಒಂದು ನೆನಪು, ಒಬ್ಬೊಬ್ಬರದೂ "ಅದೊಂದು." ಒಂದು ವರ್ಷದಿಂದ ನಮ್ಮನ್ನು ಬಾಗಿಲಿಗೆ ಕರೆಯದ ಮಂದಿ ಬಾಗಿಲಿಗೆ ಬಂದು ನಿಂತು ಕೇಳುತ್ತಿದ್ದರು. ಮುನಿಶಾಮಣ್ಣನ ಟ್ರಂಪೆಟ್ಟು ಅವನ ಎದೆಯ ಮೇಲೆ ಹೂವಿನೊಳಗೆ ಇತ್ತು. ಟ್ರಂಪೆಟ್ಟು ಇಲ್ಲದ ಮೇಲೆ ಸೆಟ್ಟನ್ನು ಮುಂದೆ ನಡೆಸುವುದು ಕ್ಲಾರಿನೆಟ್ಟೇ. ನಾನು ಬಾಯಿಂದ ತೆಗೆದರೆ ಮಿಕ್ಕವರು ನಿಲ್ಲಿಸುತ್ತಾರೆ.

ಸೊಸೈಟಿಯ ಗಡಿಯಾರದಲ್ಲಿ ಹನ್ನೊಂದೂವರೆ ನೋಡಿದೆ. ಫಯಾಜ ತನ್ನ ಅಂಗಡಿಯ ಶಟರು ಅರ್ಧ ಎಳೆದು ಹೊರಗೆ ನಿಂತಿದ್ದ. ನನ್ನ ಕಣ್ಣು ಸಿಕ್ಕ ಕೂಡಲೇ ಮಣಿಕಟ್ಟನ್ನು ತಟ್ಟಿ ತೋರಿಸಿದ, ಮೂರು ಬೆರಳು ಎತ್ತಿದ. ನೋಡಿದೆ. ಅರ್ಥವಾಗಲಿಲ್ಲ ಅಂತ ಹೇಳಲಾರೆ. ದೊಡ್ಡಯ್ಯ ಪಕ್ಕದಲ್ಲಿ ಹಿಂದಿನ ದಿನದ ಕಡಲೆಕಾಯಿ ಹೊಟ್ಟು ಇನ್ನೂ ಅಂಟಿದ್ದ ಕೈಯಲ್ಲೇ ಡೋಲು ಬಡಿಯುತ್ತಿದ್ದ, ಅವನ ಕಣ್ಣಲ್ಲಿ ನೀರು ಸುರಿಯುತ್ತಿತ್ತು. ಎದುರಿಗೆ ಅಂಗಳ ಗುಡಿಸುತ್ತಿದ್ದ ಮುದುಕಿಯೊಬ್ಬಳು ಪೊರಕೆ ಕೆಳಗಿಟ್ಟು, ಏನೂ ಕೇಳದೆ ಕಲ್ಲಿನ ಮೇಲೆ ಕೂತುಬಿಟ್ಟಳು. ನಾನು ಅವಳಿಗೊಂದು ನೀಲಾಂಬರಿ ಊದಿದೆ. ಅದನ್ನು ಊದು ಅಂತ ಯಾರೂ ಕೇಳಿರಲಿಲ್ಲ. ತೋಪಿನಲ್ಲಿ ಮಣ್ಣು ಹಾಕಿ ಕ್ಲಾರಿನೆಟ್ಟು ಇಳಿಸಿದಾಗ ಒಂದೂ ಕಾಲು.

ಮನೆಗೆ ಬಂದಾಗ ಅಶ್ವತ್ಥಮ್ಮ ಹಂಡೆ ನೀರು ಕಾಯಿಸಿ ಬಚ್ಚಲ ಬಾಗಿಲಲ್ಲಿ ನಿಂತಿದ್ದಳು. ತಲೆಯ ಮೇಲೆ ನೀರು ಸುರಿಯುತ್ತಾ, "ಮೂರು ಮುಕ್ಕಾಲು ಗಂಟೆ" ಅಂದಳು. "ಗಡಿಯಾರ ನೋಡ್ತಾನೇ ಇದ್ದೆ. ಐದಕ್ಕೆ ಮಾತು ನಿಮಗೆ. ಮೂರಕ್ಕೆ ಪಾಠ." ಇನ್ನೊಂದು ಚೊಂಬು ಸುರಿದಳು. ಬೈಗುಳಕ್ಕೆ ಕಾದೆ, ಬರಲಿಲ್ಲ. ಅದರಿಂದಲೇ ನನಗೆ ಹೆಚ್ಚು ಹೆದರಿಕೆ ಆಯಿತು.

ಫಯಾಜ ಏದುಸಿರು ಬಿಡುತ್ತಾ ಬಂದ. "ನಾಳೆಗೆ ಹಾಕಿ ಮೇಡಂ ಅಂತ ಕೇಳ್ದೆ ಅಕ್ಕ. ಆಗಲ್ಲಂತೆ. ಇವತ್ತೇ ಇನ್ನೂ ಇಬ್ರನ್ನ ನೋಡ್ತಾರಂತೆ. ಅದ್ರಲ್ಲೊಬ್ಬ ಮಾತಿನ ಮಲ್ಲನಂತೆ. ಬಾಯಿಕಟ್ಟು ಅಂತ ಹೇಳೇಬಿಟ್ಟೆ. ಗಂಟಲು ನೋವಾ, ಬಿಸ್ನೀರು ಕುಡೀಲಿ ಅಂದ್ರು." ನೆತ್ತಿ ಒರೆಸಿಕೊಂಡ. ಆಮೇಲೆ, "ಅಕ್ಕ, ನೀನೇ ಕೂತ್ಕೊ" ಅಂದ. "ನಾನಾ?" ಅಂದಳು ಅಶ್ವತ್ಥಮ್ಮ. "ಸರಿಗಮದಲ್ಲಿ ಸ ಯಾವ್ದು ರಿ ಯಾವ್ದು ಗೊತ್ತಿಲ್ಲ ನಂಗೆ. ಅಷ್ಟು ಓದಿರೋ ಜನದ ಮುಂದೆ ನಗೆಪಾಟಲು ಮಾಡ್ಬೇಕು ಅಂತಿದೀಯಾ?" ಹಾಗೆ ಅಂದು ನನ್ನ ಕಡೆ ನೋಡಿದಳು, ನಾನು ಬೇಡ ಅನ್ನುತ್ತೇನೆ ಅಂತ. ತಿಂಗಳ ಹಿಂದೆ ಆಗಿದ್ದರೆ ಅನ್ನುತ್ತಿದ್ದೆನೋ ಏನೋ. ನಾನು ಫೋನಿನ ಮುಂದೆ ನನ್ನ ಚಾಪೆಯನ್ನು ಒಂದು ಮೊಳ ಪಕ್ಕಕ್ಕೆ ಎಳೆದು ಜಾಗ ಮಾಡಿದೆ.

ಮೂರು ಗಂಟೆಗೆ ಫೋನಿನಲ್ಲಿ ಐದು ಮುಖ. ವಾಸಂತಿ ಮೇಡಂಗೆ ತಲೆ ಪೂರಾ ನರೆತಿತ್ತು, ನಗುವ ಮುಖ ಅಲ್ಲ. ಅಶ್ವತ್ಥಮ್ಮ ಸೆರಗು ಸರಿಮಾಡಿಕೊಂಡು ಸಂತೆಯಲ್ಲಿ ಮಾತಾಡುವ ದನಿಯಲ್ಲೇ ಶುರುಮಾಡಿದಳು. "ನಮಸ್ಕಾರ ಮೇಡಂ. ನಮ್ಮನೆಯೋರಿಗೆ ಇವತ್ತು ಐದು ಗಂಟೆವರ್ಗೂ ಮಾತಿಲ್ಲ. ಬೆಳಗ್ಗೆ ಸಾವಿನ ಮನೇಲಿ ಊದಿ ಬಂದವ್ರೆ. ಅವ್ರು ನುಡಿಸ್ತಾರೆ, ನಾನು ಹೇಳ್ತೀನಿ. ತಪ್ಪು ಹೇಳಿದ್ರೆ ನನ್ನ ಮೊಣಕೈ ತಿವೀತಾರೆ." ಮೇಡಂ ಒಂದು ಕ್ಷಣ ನೋಡಿ, "ನಿಮಗೂ ನುಡಿಸೋಕೆ ಬರುತ್ತಾ?" ಅಂತ ಕೇಳಿದರು. "ಇಲ್ಲ." "ಮತ್ತೆ ಹೇಗೆ ಹೇಳ್ತೀರಿ?" "ಕೇಳೋಕೆ ಬರುತ್ತೆ ಮೇಡಂ." ಮೇಡಂ ಏನೋ ಬರೆದುಕೊಂಡರು. "ಹೊಸಬರಿಗೆ ಯಾವ ನಂಬರಿನ ರೀಡು ಕೊಡ್ತೀರಿ?" "ಅದು ನಂಗೆ ಗೊತ್ತಿಲ್ಲ. ಐದರ ಮೇಲೆ ಫೋನ್ ಮಾಡಿ, ಅವ್ರೇ ಹೇಳ್ತಾರೆ." ರೈಲ್ವೆಯವರು ಕೆಮ್ಮಿನಲ್ಲಿ ನಗು ಮುಚ್ಚಿಕೊಂಡರು. ನನಗೆ ಮಿಲ್ಲಿನ ಗೇಟು ಕಣ್ಣಿಗೆ ಕಟ್ಟಿದ ಹಾಗಿತ್ತು.

ನಾನು ತುಂಡು ತುಂಡಾಗಿ ನುಡಿಸಿದೆ, ಅವಳು ಹೇಳಿದಳು, ಅವರು ತಿರುಗಿ ನುಡಿಸಿದರು. ಒಂದೆರಡು ಕಡೆ ಮೊಣಕೈ ತಿವಿದೆ. ಒಂದು ಸಲ ತಿವಿದಾಗ ಅವಳು ಫೋನಿಗೇ, "ಇಲ್ಲ, ಇದ್ರಲ್ಲಿ ನಾನೇ ಸರಿ" ಅಂದಳು. ಯೋಚಿಸಿ ನೋಡಿದರೆ ಅವಳೇ ಸರಿ. ಕೊನೆಗೆ ಮೇಡಂ, "ಸುಮಿತ್ರಾ, ನೀವೊಬ್ಬರೇ ನುಡಿಸಿ. ಇವರದ್ದರಲ್ಲಿ ಏನು ತಪ್ಪಿದೆ ಅಂತ ಹೇಳಿ ನೋಡೋಣ" ಅಂದರು. ಸುಮಿತ್ರಾ ನುಡಿಸಿದಳು. ಅದೇ ತೆಳ್ಳನೆಯ ಸ್ವರ. ನಾನು ಉಂಗುರದ ಬೆರಳು ಎತ್ತಿ, ತೂತು ಮುಚ್ಚಿಲ್ಲ ಅಂತ ತೋರಿಸಿದೆ. ಮೇಡಂ ತಲೆಯಾಡಿಸಿದರು. ಅಶ್ವತ್ಥಮ್ಮ ಆಡಿಸಲಿಲ್ಲ.

"ಬೆರಳು ಇವತ್ತಲ್ಲ ನಾಳೆ ಕೂರುತ್ತೆ" ಅಂದಳು. "ಏನವ್ವ, ಯಾರಿಗೆ ಕೇಳಿಸ್ಬಾರ್ದು ಅಂತ ಹಂಗೆ ಊದ್ತಾ ಇದೀಯ?"

ಸುಮಿತ್ರಾ ಕ್ಲಾರಿನೆಟ್ಟನ್ನು ಮಡಿಲಲ್ಲಿ ಇಟ್ಟುಕೊಂಡು ಸ್ವಲ್ಪ ಹೊತ್ತು ಅದನ್ನೇ ನೋಡಿದಳು. "ಪಕ್ಕದ ಮನೆಯವರು" ಅಂದಳು. "ಲಿಫ್ಟಲ್ಲಿ ಸಿಕ್ಕಾಗ ನಗ್ತಾರೆ. ಈ ವಯಸ್ಸಲ್ಲಿ ಪೀಪಿ ಯಾಕೆ ಅಂತ. ಕಿಟಕಿ ಎಲ್ಲ ಹಾಕ್ಕೊಂಡು, ಬಾತ್‌ರೂಮಲ್ಲಿ ಕೂತು ಪ್ರಾಕ್ಟೀಸ್ ಮಾಡ್ತೀನಿ. ಈಗಲೂ ಅಲ್ಲೇ ಕೂತಿದೀನಿ. ಬಾಗಿಲ ಸಂದಿಗೆ ಟವೆಲ್ ಇಟ್ಟಿದೀನಿ." ಅವಳ ಹಿಂದಿನ ಬಿಳಿ ಗೋಡೆಯನ್ನು ನಾನು ತಿಂಗಳೆಲ್ಲ ನೋಡಿದ್ದೆ, ಅದು ಬಚ್ಚಲ ಗೋಡೆ ಅಂತ ಹೊಳೆದಿರಲಿಲ್ಲ.

"ನಮ್ಮನೆಯೋರೂ ಹಂಗೇ" ಅಂದಳು ಅಶ್ವತ್ಥಮ್ಮ, ಪಕ್ಕದಲ್ಲಿ ನಾನಿಲ್ಲ ಅನ್ನುವ ಹಾಗೆ. "ಈ ವರ್ಷವೆಲ್ಲ ಕದ್ದು ಊದಿದಂಗೆ ಊದವ್ರೆ. ಬಾಗ್ಲು ಹಾಕ್ಕೊಂಡು, ಅರ್ಧ ಉಸಿರಲ್ಲಿ. ಕೆಲ್ಸ ಇಲ್ದೋನು ಯಾರಿಗೆ ಊದ್ತಾವ್ನೆ ಅಂತ ಬೀದಿಯೋರು ಅನ್ಬಾರ್ದಲ್ಲ. ಇವತ್ತು ಬೆಳಗ್ಗೆ ನಂಗೆ ಮೂರು ಬೀದಿ ಆಚೆಯಿಂದ ಕೇಳಿಸ್ತು. ಹೂವು ಕಟ್ಟೋದು ಬಿಟ್ಟು ಹೊರಗೆ ಬಂದು ನಿಂತ್ಕೊಂಡೆ. ಇವತ್ತು ಸರಿಯಾಗಿ ಊದಿದ್ರು. ಅದಕ್ಕೇ ನಾನು ಬೈಲಿಲ್ಲ." ಫೋನಿನ ಹತ್ತಿರಕ್ಕೆ ಬಗ್ಗಿ, "ಎದ್ದು ಹೊರಗೆ ಬಾರವ್ವ. ಕಿಟಕಿ ತೆಗಿ. ನಗೋರು ನಗ್ಲಿ, ಊದು" ಅಂದಳು.

ಫೋನಿನಲ್ಲಿ ಸುಮಿತ್ರಾಳ ಮುಖ ಅಲ್ಲಾಡುತ್ತಾ ಸಾಗಿತು, ಬಾಗಿಲು, ನಡುಮನೆ, ಪರದೆ. ಕಿಟಕಿಯ ಚಿಲಕ ಸರಿದ ಸದ್ದು, ಹಿಂದೆಯೇ ರಸ್ತೆಯ ಸದ್ದು ಬಂತು. ಅವಳು ಊದಿದಳು. ಬೆರಳು ಇನ್ನೂ ತಪ್ಪಾಗೇ ಇತ್ತು. ಸ್ವರ ಮಾತ್ರ ತುಂಬಿಕೊಂಡು ನಮ್ಮ ಮನೆಯ ಒಳಗೆ ಬಂತು. ವಾಸಂತಿ ಮೇಡಂ ಬರೆಯುವುದನ್ನು ನಿಲ್ಲಿಸಿ ಕೇಳಿದರು. ನಾನು ನೆಲ ನೋಡುತ್ತಾ ಕೂತಿದ್ದೆ.

ಮಿಕ್ಕವರೆಲ್ಲ ಹೋದ ಮೇಲೆ ಮೇಡಂ ಒಬ್ಬರೇ ಉಳಿದರು. "ನನಗೆ ಗಂಟಲು ನೋವಿನ ಕಥೆ ಅರ್ಥ ಆಗಲಿಲ್ಲ. ಇರಲಿ. ಸೋಮವಾರದಿಂದ ಪಾಠ ನಿಮ್ಮದೇ. ಒಂದು ಷರತ್ತು, ಇಬ್ಬರೂ ಕೂರಬೇಕು. ಮಾತು ಬರೋ ದಿನಾನೂ. ಇಬ್ಬರ ಹೆಸರೂ ಹಾಕ್ತೀನಿ" ಅಂದರು. ಅಶ್ವತ್ಥಮ್ಮ ಥಟ್ಟನೆ, "ಅಯ್ಯೋ, ಹೂವು ಯಾರು ಕಟ್ತಾರೆ ಮೇಡಂ?" ಅಂದಳು. ಆಗ ಮೊದಲ ಸಲ ಮೇಡಂ ನಕ್ಕರು. "ಕಟ್ಟುತ್ತಾ ಹೇಳಿ" ಅಂದರು.

ಫಯಾಜ ಬೀದಿಯಲ್ಲೇ ಕುಣಿದುಕೊಂಡು ಹೋದ. ಮನೆಯಲ್ಲಿ ನಾವಿಬ್ಬರೇ. ಪಾಠದಲ್ಲಿ ನುಡಿಸಿದ್ದೂ ಸೇರಿ ನನಗೆ ಐದೂ ಹತ್ತರವರೆಗೆ ಕಟ್ಟು ಇತ್ತು. ಅವಳು ಮೊರ ಮುಂದಕ್ಕೆ ಎಳೆದುಕೊಂಡು ಕಟ್ಟಲು ಕೂತಳು, ಉಳಿದುಹೋದ ಮೊಗ್ಗು ಅರಳುತ್ತಾ ಬಂದಿತ್ತು. ನಾನು ಎದುರಿಗೆ ಗೋಡೆಗೆ ಒರಗಿ ಕೂತೆ. ಬಾಯಿಕಟ್ಟು ಬಿಡಲಿ ಅಂತ ನಾನು ಯಾವತ್ತೂ ಅಷ್ಟು ಕಾದವನಲ್ಲ. ಹೇಳಬೇಕಾದ್ದನ್ನು ಮನಸ್ಸಲ್ಲೇ ಸಾಲಾಗಿ ಇಟ್ಟುಕೊಂಡೆ, ಒಂದು ಅಳಿಸಿದೆ, ಇನ್ನೊಂದು ಇಟ್ಟೆ. ಗಂಟಲಲ್ಲಿ ಕಟ್ಟು ಬಿಡುವಾಗಿನ ಸಣ್ಣ ಬಿಸಿ ಹತ್ತಿದಾಗ ಮಾತು ಬಂತು ಅಂತ ಗೊತ್ತಾಯಿತು. ಅವಳಿಗೂ ಗೊತ್ತಾಯಿತು. ಕೈ ನಿಲ್ಲಿಸದೆಯೇ, "ಬಂತಾ?" ಅಂದಳು.

"ವರ್ಷವೆಲ್ಲ ನಿಂಗೆ ಕೇಳಿಸ್ತಾ ಇತ್ತಾ?" ಅಂದೆ.

"ಕೇಳಿಸ್ದೆ ಏನು? ಕಿವಿ ಇಲ್ವಾ ನಂಗೆ?"

"ಮತ್ತೆ ಹೇಳ್ಲಿಲ್ಲ?"

"ನೀವು ಕೇಳಿದ್ರಾ?"

ಇಲ್ಲ. ಈ ವರ್ಷವೂ ಕೇಳಿರಲಿಲ್ಲ, ಹಿಂದಿನ ಯಾವ ವರ್ಷವೂ ಕೇಳಿರಲಿಲ್ಲ. ನಾನು ಗೋಡೆ ಬಿಟ್ಟು ಮುಂದಕ್ಕೆ ಜರುಗಿ, ಅವಳ ಮೊರದ ಈಚೆ ಬದಿಗೆ ಕೂತು, ಒಂದು ಹಿಡಿ ಮೊಗ್ಗು ತೆಗೆದುಕೊಂಡು ಅವಳ ಕೈಗೆ ಸಿಗುವ ಹಾಗೆ ಜೋಡಿಸತೊಡಗಿದೆ.

"ಈಗ ಕೇಳ್ತಾ ಇದೀನಿ" ಅಂದೆ. "ಮೊದ್ಲಿಂದ ಹೇಳು."

"ಮೊದ್ಲಿಂದ ಅಂದ್ರೆ? ಇಪ್ಪತ್ತಾರು ವರ್ಷದ್ದು ಅದೆ."

"ಇರ್ಲಿ, ಹೇಳು" ಅಂದೆ.

ಅವಳು ನಾರಿನ ತುದಿಯನ್ನು ಕಾಲ್ಬೆರಳಿಗೆ ಸಿಕ್ಕಿಸಿಕೊಂಡು ಸ್ವಲ್ಪ ಯೋಚಿಸಿದಳು. "ನಾನು ಬಂದ ಹೊಸ್ದು" ಅಂತ ಶುರುಮಾಡಿದಳು, "ನೀವು ಆಗ ಬಲೇ ಅವಸರದಲ್ಲಿ ಊದೋರು..."